ಎಡಗೈಯ ಚುಕ್ಕೆ

1996ರ ಮಾರ್ಚ್ 5, ಮಂಗಳವಾರ, ಬೆಳಿಗ್ಗೆ ಹತ್ತು ಗಂಟೆ ಇಪ್ಪತ್ತು ನಿಮಿಷಕ್ಕೆ ಡಾಕ್ಟರು ಐಲ್ಸಾ ಪೆಥರಿಕ್‌ಳ ಎಡ ಮುಂಗೈಯ ಒಳಮೈಗೆ ಸಣ್ಣ ಸೂಜಿ ಚುಚ್ಚಿದರು. ಚರ್ಮದಡಿ ಇಳಿದದ್ದು ಒಂದು ಹನಿ ಕೊಲಾಜನ್. ಹಸುವಿನ ತೊಗಲಿನಿಂದ ತೆಗೆದು, ಶುದ್ಧಮಾಡಿ, ಗಂಜಿಯ ಹದಕ್ಕೆ ತಂದಿಟ್ಟದ್ದು.

“ದನದ ಮಾಂಸ ತಿಂದು ಮೈಗೆ ಆಗದೆ ದದ್ದು ಗಿದ್ದು ಎದ್ದದ್ದುಂಟೆ?” ಎಂದು ಡಾಕ್ಟರು ಕೇಳಿದರು. ಹದಿನೈದು ದಿನಕ್ಕೊಮ್ಮೆ ಮಂಗಳವಾರ ಬ್ರಿಸ್ಬೇನಿನಿಂದ ಈ ಆಸ್ಪತ್ರೆಗೆ ಬಂದು ಹೋಗುವವರು. ಕಾಗದದಿಂದ ಕಣ್ಣು ಎತ್ತಿ ಮಾತಾಡುವುದು ಕಡಿಮೆ.

“ಅರವತ್ತು ವರ್ಷದಿಂದ ಪ್ರತಿ ಸೋಮವಾರ ರಾತ್ರಿ ಉಪ್ಪಲ್ಲಿ ನೆನೆಸಿದ ದನದ ಮಾಂಸಾನೇ ನಮ್ಮನೇಲಿ. ಆಗದೆ ಇದ್ದಿದ್ರೆ ಇಷ್ಟೊತ್ತಿಗೆ ದನಗಳಿಗೇ ಗೊತ್ತಾಗಿರ್ತಿತ್ತು.”

ಸಿಸ್ಟರ್ ಕಾಗ್ಲನ್ ನಕ್ಕಳು. ಡಾಕ್ಟರು ನಗಲಿಲ್ಲ. ಅವರು ಹೋದಮೇಲೆ ಸಿಸ್ಟರ್ ಚುಚ್ಚಿದ ಜಾಗದ ಸುತ್ತ ಪೆನ್ನಿನಿಂದ ಒಂದು ಸುತ್ತು ಗೆರೆ ಎಳೆದಳು.

“ಇದು ಬರೀ ಪರೀಕ್ಷೆ, ಮಿಸೆಸ್ ಪೆಥರಿಕ್. ನಾಲ್ಕು ವಾರ ಈ ಚುಕ್ಕೇನ ಕಾಯ್ಬೇಕು. ಕೆಂಪಾಗ್ಲಿಲ್ಲ, ಊದ್ಲಿಲ್ಲ, ಗಟ್ಟಿಯಾಗ್ಲಿಲ್ಲ ಅಂದ್ರೆ ನಿಮ್ಮ ಮೈ ಒಪ್ಕೊಂಡಿದೆ ಅಂತ. ಆಮೇಲೆ ಅದನ್ನೇ ಒಳಗೆ, ಮೂತ್ರಚೀಲದ ಕತ್ತಿನ ಹತ್ರ ತುಂಬ್ತಾರೆ. ಸಡಿಲ ಆಗಿರೋ ಗೋಡೆ ಉಬ್ಬಿ ಒಂದಕ್ಕೊಂದು ಒತ್ಕೊಳ್ಳತ್ತೆ. ಸೋರೋ ನಲ್ಲಿಗೆ ಹೊಸ ವಾಷರ್ ಹಾಕಿದ ಹಾಗೆ.”

“ಕೆಂಪಾದ್ರೆ?”

“ತಕ್ಷಣ ಫೋನ್ ಮಾಡಿ. ಇನ್ನೊಂದು, ಈ ಜಾಗಕ್ಕೆ ಏನೂ ಹಚ್ಬೇಡಿ. ಕ್ರೀಮು, ಎಣ್ಣೆ, ಸೆಂಟು, ಏನೂ. ಮನೇಲಿ ಯಾರಾದ್ರೂ ಇದಾರಾ, ದಿನಾ ನೋಡೋಕೆ?”

“ನನಗೇ ಎರಡು ಕಣ್ಣಿವೆ.”

ಅದರ ಹಿಂದಿನ ಬಾರಿ ಬಂದಾಗ ಅವಳಿಗೆ ಒಂದು ಗಂಟೆಯ ಪರೀಕ್ಷೆ ಮಾಡಿಸಿದ್ದರು. ಒಳಗೆ ಇಟ್ಟುಕೊಳ್ಳಲು ತೂಗಿದ ಪ್ಯಾಡ್ ಒಂದನ್ನು ಕೊಟ್ಟು, ಅರ್ಧ ಲೀಟರ್ ನೀರು ಕುಡಿಸಿ, ನಡೆಸಿ, ಮೆಟ್ಟಿಲು ಹತ್ತಿಸಿ, ಕೆಮ್ಮಿಸಿ, ನೆಲದ ಮೇಲಿನ ನಾಣ್ಯ ಹೆಕ್ಕಿಸಿ, ಕೊನೆಗೆ ಪ್ಯಾಡನ್ನು ಮತ್ತೆ ತೂಗಿದಾಗ ನಲವತ್ತೊಂದು ಗ್ರಾಂ ಹೆಚ್ಚಿತ್ತು. ಐಲ್ಸಾ ಮೂವತ್ತು ವರ್ಷ ಊರಿನ ಅಂಚೆಮನೆ ನಡೆಸಿದವಳು. ನಲವತ್ತೊಂದು ಗ್ರಾಂ ಎಂದರೆ ಎಷ್ಟು ಅಂಚೆಚೀಟಿ ಹಚ್ಚಬೇಕು ಎನ್ನುವ ಲೆಕ್ಕವೇ ಆಗ ಮೊದಲು ತಲೆಗೆ ಬಂದಿತ್ತು.

ಅವಳಿಗೆ ಎಪ್ಪತ್ತೊಂದು. ಗಂಡ ಆರ್ಥರ್ ತೀರಿ ಎಂಟು ವರ್ಷ. ನದಿ ಸಮುದ್ರ ಸೇರುವ ಕಡೆ, ಕಬ್ಬಿನ ಗದ್ದೆಗಳು ಮುಗಿದು ಉಪ್ಪುನೀರಿನ ಕಾಂಡ್ಲಾ ಗಿಡಗಳು ಶುರುವಾಗುವಲ್ಲಿ ಅವಳ ಮನೆ. ಅಲ್ಲಿಂದ ಬೋಲ್ಸ್ ಕ್ಲಬ್ಬಿಗೆ ಕೂಗಳತೆ.

ಆ ಕ್ಲಬ್ಬಿನ ಹುಲ್ಲಿನ ಮೇಲೆ ಹನ್ನೊಂದು ವರ್ಷ ಅವಳೂ ನೋಲಾ ಜುಂಕರಳೂ ಜೋಡಿಯಾಗಿ ಆಡಿದ್ದರು. ಕಿಟ್ಟಿ ಎನ್ನುವ ಪುಟ್ಟ ಬಿಳಿ ಚೆಂಡನ್ನು ಮೊದಲು ಉರುಳಿಸಿ, ಅದರ ಹತ್ತಿರಕ್ಕೆ ತಮ್ಮ ಭಾರದ ಬೋಲುಗಳನ್ನು ಉರುಳಿಸುವ ಆಟ. ಬೋಲು ಒಂದು ಪಕ್ಕಕ್ಕೆ ವಾಲುವಂತೆ ಮಾಡಿದ್ದು. ನೇರ ಬಿಟ್ಟರೆ ನೇರ ಹೋಗುವುದಿಲ್ಲ, ಬಾಗಿ ಬಂದು ಸೇರಬೇಕು. ಐಲ್ಸಾ ಮೊದಲು ಉರುಳಿಸುವವಳು. ನೋಲಾ ಆ ತುದಿಯಲ್ಲಿ ನಿಂತು ಕೈ ಸನ್ನೆಯಲ್ಲಿ ದಾರಿ ಹೇಳುವವಳು. ಮೈ ತುಂಬ ಬಿಳಿಯೇ ಉಡಬೇಕು: ಬಿಳಿ ಟೋಪಿ, ಬಿಳಿ ಲಂಗ, ಬಿಳಿ ಕಾಲುಚೀಲ. ಲಂಗದ ಅಂಚು ಸರಿಯಾದ ಎತ್ತರದಲ್ಲಿದೆಯೇ ಎಂದು ಕಮಿಟಿಯವರು ಮಂಡಿಯೂರಿಸಿ ಸ್ಕೇಲಿಟ್ಟು ನೋಡುತ್ತಿದ್ದರು.

ಎರಡು ವರ್ಷದ ಹಿಂದೆ ಚಿಲ್ಡರ್ಸ್ ಊರಿನ ಪಂದ್ಯದಲ್ಲಿ, ಆಟ ಮುಗಿಯಲು ಸ್ವಲ್ಪವೇ ಬಾಕಿಯಿದ್ದಾಗ, ಬಗ್ಗಿ ಬೋಲು ಬಿಟ್ಟ ಐಲ್ಸಾಳಿಗೆ ತೊಡೆಯವರೆಗೆ ಬೆಚ್ಚಗಾಯಿತು. ಅದುವರೆಗೆ ಹನಿಯಾಗಿ ಆಗುತ್ತಿದ್ದದ್ದು ಅವತ್ತು ಹನಿಯಾಗಿ ನಿಲ್ಲಲಿಲ್ಲ. ಬೆನ್ನ ಹಿಂದೆ ಬೆಂಚಿನ ಮೇಲೆ ಎರಡು ಊರಿನ ಹೆಂಗಸರು ಸಾಲಾಗಿ ಕೂತಿದ್ದರು. ಅವಳು ನೆಟ್ಟಗಾಗಿ, ಭುಜ ಹಿಡಿದುಕೊಂಡು, ಬೋಲಿನ ಚೀಲವನ್ನು ಹಿಂದಕ್ಕೆ ಜೋತುಬಿಟ್ಟು, ಯಾರ ಮುಖವನ್ನೂ ನೋಡದೆ ನಡೆದುಬಿಟ್ಟಳು. ಪಂದ್ಯ ಬಿಟ್ಟುಕೊಟ್ಟಂತಾಯಿತು. ಮರುವಾರ ಕಾರ್ಯದರ್ಶಿಗೆ, ಭುಜ ಹೋಗಿದೆ, ಇನ್ನು ಆಡುವುದಿಲ್ಲ ಎಂದಳು. ನೋಲಾ ಮಾಡಿದ ಫೋನುಗಳನ್ನು ಎತ್ತಲಿಲ್ಲ. ಎತ್ತಿದರೆ ಹೇಳಬೇಕಾಗುತ್ತದೆ; ಆಟದ ಹುಲ್ಲಿನ ಮೇಲೆ ಉಚ್ಚೆ ಹೊಯ್ದುಕೊಂಡೆ ಎನ್ನುವ ಮಾತು ಅವಳ ನಾಲಿಗೆಯ ಮೇಲೆ ಬರುವಂಥದ್ದಾಗಿರಲಿಲ್ಲ.

ಅಂದಿನಿಂದ ಅವಳು ಕ್ಲಬ್ಬಿನ ಅಡುಗೆಮನೆಯಲ್ಲಿದ್ದಾಳೆ. ಬ್ರೆಡ್ಡು ಕತ್ತರಿಸುತ್ತಾಳೆ, ಕುಂಬಳಕಾಯಿ ಹಾಕಿದ ಸ್ಕೋನು ಎನ್ನುವ ಬನ್ನು ಸುಡುತ್ತಾಳೆ, ಚಹಾದ ದೊಡ್ಡ ಪಾತ್ರೆ ಕಾಯುತ್ತಾಳೆ. ಬಡಿಸುವ ಕಿಂಡಿಯಿಂದ ಹುಲ್ಲಿನ ಅರ್ಧ ಭಾಗ ಕಾಣುತ್ತದೆ. ಬೋಲು ಎಲ್ಲಿಂದ ಹೊರಟಿತು ಎನ್ನುವುದು ಕಾಣುತ್ತದೆ, ಎಲ್ಲಿ ನಿಂತಿತು ಎನ್ನುವುದು ಕಾಣುವುದಿಲ್ಲ. ಯಾರಾದರೂ ವಿಚಾರಿಸಿದರೆ ಭುಜ ಮುಟ್ಟಿಕೊಳ್ಳುತ್ತಾಳೆ. ಯಾವ ಭುಜ ಎಂದು ನೆನಪಿಟ್ಟುಕೊಳ್ಳುವುದೇ ಒಂದು ಕೆಲಸವಾಗಿತ್ತು.

ನೋಲಾ ಎರಡು ವರ್ಷ ಜೋಡಿ ಪಂದ್ಯಕ್ಕೆ ಹೆಸರೇ ಕೊಡಲಿಲ್ಲ. ಅದನ್ನು ಐಲ್ಸಾ ಕಿಂಡಿಯ ಹಿಂದೆ ನಿಂತು ಗಮನಿಸಿದ್ದಳು. ಈ ಸಲದ ಪಂದ್ಯ ಮೇ ಒಂಬತ್ತಕ್ಕೆ. ಚುಕ್ಕೆ ಕೆಂಪಾಗದಿದ್ದರೆ ಏಪ್ರಿಲಿನಲ್ಲಿ ಚಿಕಿತ್ಸೆ. ಆಮೇಲೆ ಭುಜ ವಾಸಿಯಾಯಿತು ಎಂದು ಹೇಳಬಹುದು. ಒಂದು ಸುಳ್ಳಿನಿಂದ ಶುರುವಾದದ್ದು ಇನ್ನೊಂದು ಸಣ್ಣ ಸುಳ್ಳಿನಲ್ಲಿ ಮುಗಿದುಹೋಗುತ್ತದೆ. ಯಾರಿಗೂ ಏನೂ ಹೇಳಬೇಕಾಗಿಲ್ಲ. ನೋಲಾ ಮತ್ತೆ ಆ ತುದಿಯಲ್ಲಿ ನಿಂತಿರುತ್ತಾಳೆ.

ದಿನಾ ಬೆಳಿಗ್ಗೆ ಚಹಾ ಕುಡಿಯುವ ಮೊದಲು ಕಿಟಕಿಯ ಬೆಳಕಿಗೆ ಕೈ ಹಿಡಿದು ಚುಕ್ಕೆ ನೋಡುತ್ತಿದ್ದಳು. ಗೆರೆ ಮಾಸಿದಾಗ ತಾನೇ ಪೆನ್ನಿನಿಂದ ತಿದ್ದುತ್ತಿದ್ದಳು. ಎಂಟು ವರ್ಷದಲ್ಲಿ ಅವಳ ಮೈಯನ್ನು ಇಷ್ಟು ಹತ್ತಿರದಿಂದ ಯಾರೂ ನೋಡಿರಲಿಲ್ಲ, ಅವಳೂ.

ಮಾರ್ಚ್ ಹದಿನಾರರ ಶನಿವಾರ ಕ್ಲಬ್ಬಿನಲ್ಲಿ ಸಿಗಡಿ ಊಟ. ಯಾರು ಯಾವ ಕೆಲಸಕ್ಕೆ ಎಂದು ಕಾರ್ಯದರ್ಶಿ ಹೆಸರು ಹಂಚುವಾಗ ಸಿಗಡಿ ತೊಳೆಯುವುದಕ್ಕೆ ಐಲ್ಸಾಳನ್ನೂ ನೋಲಾಳನ್ನೂ ಹಾಕಿದ್ದಳು. ಬೇಕೆಂದು ಹಾಕಿದಳೋ, ತಿಳಿಯದೆಯೋ. ಇಳಿಹೊತ್ತಿನಲ್ಲಿ ಇಬ್ಬರೂ ಹಿಂದಿನ ಮೆಟ್ಟಿಲ ಮೇಲೆ, ಕಾಂಡ್ಲಾ ಗಿಡಗಳ ಕಡೆ ಮುಖಮಾಡಿ, ನಡುವೆ ಎರಡು ಬಕೆಟ್ ಇಟ್ಟುಕೊಂಡು ಕೂತರು. ಅಂಗಿಯ ತೋಳು ಮಡಚಿಕೊಂಡಿದ್ದರು. ಮೊಣಕೈವರೆಗೆ ನೀರು.

“ಭುಜ ಹೇಗಿದೆ?” ನೋಲಾ ಕೇಳಿದಳು.

“ಹಾಗೇ ಇದೆ.”

“ಯಾವುದದು? ಕ್ರಿಸ್‌ಮಸ್ಸಲ್ಲಿ ಎಡಗಡೇದು ಹಿಡ್ಕೊಂಡಿದ್ದೆ.”

“ಎರಡೂ ಕಣೇ.”

“ಪಾಪ. ಇನ್ನು ಕುತ್ತಿಗೆ ಒಂದು ಉಳೀತು.”

ನೋಲಾ ಇನ್ನೊಂದು ಹಿಡಿ ಸಿಗಡಿಯನ್ನು ನೀರಿಗೆ ಹಾಕಿದಳು.

“ಮೇ ಪಂದ್ಯಕ್ಕೆ ಹೆಸರು ಕೊಟ್ಟೆ. ನಿನ್ನೆ. ಮೆರ್ಲ್ ಜೊತೆ.”

ಐಲ್ಸಾಳ ಕೈಯಲ್ಲಿದ್ದ ಸಿಗಡಿ ಬಕೆಟ್ಟಿಗೆ ಜಾರಿತು. “ಒಳ್ಳೇದಾಯ್ತು,” ಎಂದಳು.

“ಒಳ್ಳೇದೇನಿದೆ ಅದ್ರಲ್ಲಿ. ಒಂದೊಂದು ಸಲ ಉರುಳಿಸಿದಾಗ್ಲೂ ‘ಅಯ್ಯೋ ಕ್ಷಮಿಸು’ ಅಂತಾಳೆ. ನನಗಲ್ಲ, ಬೋಲಿಗೆ.”

“ಮತ್ಯಾಕೆ ಕೊಟ್ಟೆ?”

“ಎಷ್ಟು ದಿನ ಅಂತ ಬೆಂಚಿನ ಮೇಲೆ ಕೂತಿರ್ಲಿ?”

ಆ ಹೊತ್ತಿಗೆ ಮರಳುನೊಣಗಳು ಎದ್ದವು. ಕಣ್ಣಿಗೆ ಕಾಣದಷ್ಟು ಸಣ್ಣವು. ಕಚ್ಚಿದ ಮೇಲೆ ಗೊತ್ತಾಗುವಂಥವು. ಆ ಊರಿನಲ್ಲಿ ಸಂಜೆಯಾದರೆ ಮಕ್ಕಳ ಮೈಗೆ ಹಚ್ಚುವ ಎಣ್ಣೆಗೆ ಡೆಟಾಲ್ ಬೆರೆಸಿ ಹಚ್ಚಿಕೊಳ್ಳದೆ ಯಾರೂ ಹೊರಗೆ ಕೂರುವುದಿಲ್ಲ. ಸಿಸ್ಟರ್ ಏನೂ ಹಚ್ಚಬೇಡಿ ಎಂದಾಗ ಐಲ್ಸಾಳಿಗೆ ಹೊಳೆದದ್ದು ಮುಖದ ಕ್ರೀಮು, ಸೋಪು. ಈ ಎಣ್ಣೆಯೂ ಅದೇ ಲೆಕ್ಕಕ್ಕೆ ಸೇರಿದ್ದು ಎಂದು ಹೊಳೆದದ್ದು ಮನೆಯಿಂದ ಹೊರಡುವಾಗ ಬಾಟಲಿ ಕೈಗೆ ಬಂದಮೇಲೆ. ಮಾತು ನೆನಪಾಗಿ ಎಡಗೈಯನ್ನು ಪೂರ್ತಿ ಬಿಟ್ಟು ಬಲಗೈಗೆ ಮಾತ್ರ ಹಚ್ಚಿಕೊಂಡು ಬಂದಿದ್ದಳು. ನೋಲಾಳ ಎಣ್ಣೆ ಸಿಗಡಿ ನೀರಿಗೆ ತೊಳೆದುಹೋಗಿತ್ತು. ಅವಳು ಎಪ್ರನ್ ಜೇಬಿನಿಂದ ಬಾಟಲಿ ತೆಗೆದು ಮೊದಲು ಐಲ್ಸಾಳ ಕಡೆಗೆ ಚಾಚಿದಳು.

“ಹಚ್ಕೋ. ನಿನ್ನ ಎಡಗೈ ಆಗ್ಲೇ ಊಟ ಹಾಕ್ತಾ ಇದೆ ಅವಕ್ಕೆ.”

“ಬೇಡ.”

“ಹಚ್ಕೊಳ್ಳೇ.”

“ಬೇಡ ಅಂದೆನಲ್ಲ.”

ನೋಲಾ ಬಾಟಲಿಯನ್ನು ನೋಡಿದಳು, ಐಲ್ಸಾಳನ್ನು ನೋಡಿದಳು. “ನನ್ನ ಎಣ್ಣೇನೂ ಆಗಲ್ವಾ ನಿನಗೆ,” ಎಂದಳು. ತಾನೂ ಹಚ್ಚಿಕೊಳ್ಳಲಿಲ್ಲ. ಬಾಟಲಿ ಜೇಬಿಗೆ ಹೋಯಿತು. ಉಳಿದ ಸಿಗಡಿಯನ್ನು ಇಬ್ಬರೂ ಹಟಕ್ಕೆ ಬಿದ್ದವರಂತೆ, ಕಚ್ಚಿಸಿಕೊಳ್ಳುತ್ತಲೇ ತೊಳೆದು ಮುಗಿಸಿದರು.

ಭಾನುವಾರ ಬರೀ ತುರಿಸುತ್ತಿದ್ದ ಎಡಗೈಯನ್ನು ಐಲ್ಸಾ ಸೋಮವಾರ ಬೆಳಿಗ್ಗೆ ಕಿಟಕಿಯ ಬಳಿ ಹಿಡಿದು ನೋಡಿದಳು. ಮುಂಗೈ ತುಂಬ ಏಳೆಂಟು ಕೆಂಪು ಗುಳ್ಳೆ. ಅವುಗಳಲ್ಲಿ ಒಂದು ಗೆರೆಯ ಒಳಗಿತ್ತು. ಅದೇ ಎಲ್ಲಕ್ಕಿಂತ ದೊಡ್ಡದು. ಅಂಚೆಮನೆಯ ಹಳೆಯ ಸ್ಕೇಲನ್ನಿಟ್ಟು ನೋಡಿದಳು. ಉಳಿದವು ಆರು ಮಿಲಿಮೀಟರ್ ದಾಟಲಿಲ್ಲ. ಇದು ಒಂಬತ್ತು.

ಉದ್ದ ತೋಳಿನ ಅಂಗಿ ಹಾಕಿಕೊಂಡು ಸುಮ್ಮನಿದ್ದರೆ, ಡಾಕ್ಟರಿಗೆ ಕೈ ತೋರಿಸಬೇಕಾದ ಏಪ್ರಿಲ್ ಎರಡರ ಹೊತ್ತಿಗೆ ಎಲ್ಲ ಮಾಯವಾಗಿರುತ್ತದೆ. ಕೇಳುವವರು ಯಾರು? ಆ ಯೋಚನೆಯನ್ನು ಅವಳು ಚಹಾ ಮುಗಿಯುವವರೆಗೆ ಬಾಯಲ್ಲಿಟ್ಟುಕೊಂಡಿದ್ದಳು. ಆದರೆ ಇದು ಕಡಿತವಲ್ಲದೆ ಮೈ ಒಲ್ಲೆ ಎನ್ನುವ ಗುರುತೇ ಆಗಿದ್ದರೆ? ಕೈಯ ಮೇಲೆ ಒಂಬತ್ತು ಮಿಲಿಮೀಟರ್ ಊದಿದ್ದು ಒಳಗೆ, ಕಣ್ಣಿಗೆ ಬೀಳದ ಜಾಗದಲ್ಲಿ ಎಷ್ಟು ಊದುತ್ತದೆ? ಭುಜದ ಸುಳ್ಳನ್ನು ಊರಿಗೆ ಹೇಳಬಹುದು. ಈ ಸುಳ್ಳನ್ನು ಹೇಳಿದರೆ ಕೇಳಿಸಿಕೊಳ್ಳುವುದು ತನ್ನ ಮೈಯೇ. ಫೋನು ಎತ್ತಿದಳು.

“ಕಡಿತ ಅಂತೀರಿ,” ಸಿಸ್ಟರ್ ಕಾಗ್ಲನ್ ಅಂದಳು. “ನನಗೂ ಹಾಗೇ ಅನ್ಸತ್ತೆ. ಡಾಕ್ಟ್ರಿಗೆ ಅನ್ಸೋದು ಕಷ್ಟ. ಊದಿದ್ರೆ ಮೈಗೆ ಆಗಲ್ಲ ಅಂತ ಗೆರೆ ಎಳೆದುಬಿಡ್ತಾರೆ. ಅಲ್ಲಿಗೆ ಮುಗೀತು.”

“ನೊಣ ಕಚ್ಚಿದ್ದು ನನಗೆ ಗೊತ್ತು ಸಿಸ್ಟರ್.”

“ನಿಮಗೆ ಗೊತ್ತು. ಆದ್ರೆ ಅದೊಂದೇ ಯಾಕೆ ದೊಡ್ಡದು ಅಂತ ಅವ್ರು ಕೇಳ್ತಾರೆ. ಅದೇ ಹೊತ್ತಲ್ಲಿ, ಅದೇ ಜಾಗದಲ್ಲಿ ಬೇರೆ ಯಾರಿಗಾದ್ರೂ ಕಚ್ಚಿದ್ಯಾ? ಕೊಲಾಜನ್ ಇಲ್ಲದ ಕೈಯಲ್ಲೂ ಇಷ್ಟು ದಪ್ಪ ಎದ್ದಿದೆ ಅಂತ ತೋರಿಸಿದ್ರೆ, ಅನುಮಾನಕ್ಕೆ ಒಂದು ಜಾಗ ಆಗತ್ತೆ. ಆಗ ಇನ್ನೊಂದು ಕೈಗೆ ಹಾಕಿ ಮತ್ತೆ ನೋಡೋಣ ಅಂತಾರೆ. ನಾಳೆ ಅವ್ರು ಬರೋ ದಿನ. ಯಾರಾದ್ರೂ ಇದ್ರಾ ಜೊತೇಲಿ?”

ಐಲ್ಸಾ ಫೋನಿನ ತಂತಿಯನ್ನು ಬೆರಳಿಗೆ ಸುತ್ತಿ ಬಿಚ್ಚಿದಳು. “ಒಬ್ಳು ಇದ್ಳು,” ಎಂದಳು.

ನೋಲಾಳ ಮನೆಗೆ ಕಾರಿನಲ್ಲಿ ಹತ್ತು ನಿಮಿಷ. ಸೀಟಿನ ಮೇಲೆ ಎಂದಿನಂತೆ ಮಡಿಸಿದ ಟವೆಲ್. ನೋಲಾ ಜಗಲಿಯಲ್ಲಿ ಕೂತು ಬೋಲುಗಳನ್ನು ಒರೆಸುತ್ತಿದ್ದಳು. ಎರಡೂ ಮುಂಗೈಗೆ ತುರಿಕೆಯ ಮದ್ದು, ಗುಲಾಬಿ ಕ್ಯಾಲಮೈನ್ ಬಳಿದುಕೊಂಡಿದ್ದಳು, ಸುಣ್ಣ ಹೊಡೆದ ಗೋಡೆಯ ಹಾಗೆ. ಹಿಂದಿನ ಶೆಡ್ಡಿನಲ್ಲಿ ಅವಳ ಗಂಡ ಬೆವನ್ ಏನನ್ನೋ ಕುಟ್ಟುತ್ತಿದ್ದ.

“ಏನು, ದಾರಿ ತಪ್ಪಿ ಬಂದ್ಯಾ?”

“ನಿನ್ನ ಕೈ ನೋಡ್ಬೇಕು.”

“ನನ್ನ ಕೈಯಾ?”

“ಮರಳುನೊಣ ಕಚ್ಚಿದ್ದು. ಎಷ್ಟು ದೊಡ್ಡದಾಗಿದೆ ಅಂತ ಅಳೀಬೇಕು.”

ನೋಲಾ ಬಟ್ಟೆ ಕೆಳಗಿಟ್ಟಳು. “ಎರಡು ವರ್ಷ ನಮ್ಮನೆ ಮೆಟ್ಟಿಲು ಹತ್ತಲಿಲ್ಲ. ಈಗ ನೊಣದ ಕಡಿತ ಅಳೆಯೋಕೆ ಬಂದಿದೀಯ. ಕೂತ್ಕೋ. ತಲೆ ಸರಿ ಇದ್ಯಾ?”

ಐಲ್ಸಾ ಕೂರಲಿಲ್ಲ. ಜಗಲಿಯ ಕಂಬ ಹಿಡಿದುಕೊಂಡಳು. “ನನ್ನ ಭುಜಕ್ಕೆ ಏನೂ ಆಗಿಲ್ಲ ನೋಲಾ. ಯಾವತ್ತೂ ಆಗಿರ್ಲಿಲ್ಲ. ನನಗೆ ಉಚ್ಚೆ ತಡೆಯಲ್ಲ. ಬಗ್ಗಿದ್ರೆ ಸೋರತ್ತೆ. ಚಿಲ್ಡರ್ಸಲ್ಲಿ ಲಂಗದ ತುಂಬ ಆಯ್ತು. ಬಿಳೀ ಲಂಗ. ಅದಕ್ಕೇ ಎದ್ದುಹೋದೆ.”

ಶೆಡ್ಡಿನ ಸುತ್ತಿಗೆ ನಾಲ್ಕಾರು ಸಲ ಬಿತ್ತು, ನಿಂತಿತು, ಮತ್ತೆ ಶುರುವಾಯಿತು. ಐಲ್ಸಾ ಉಳಿದದ್ದನ್ನೂ ಹೇಳಿದಳು: ಕೊಲಾಜನ್, ಚುಕ್ಕೆ, ಸಿಸ್ಟರ್ ಹೇಳಿದ್ದು, ಎಣ್ಣೆ ಯಾಕೆ ಬೇಡ ಎಂದದ್ದು. ತೋಳು ಸರಿಸಿ ಗೆರೆಯೊಳಗಿನ ಗುಳ್ಳೆ ತೋರಿಸಿದಳು.

ನೋಲಾ ಗುಳ್ಳೆಯನ್ನು ನೋಡಲಿಲ್ಲ. “ಹಾಗಾದ್ರೆ ನಾನು ಹೇಳಿದ್ದಕ್ಕಲ್ವಾ?” ಎಂದಳು.

“ನೀನೇನು ಹೇಳಿದ್ದೆ?”

“ಏನು ಹೇಳಿದ್ದೆ ಅಂತ ಕೇಳ್ತಾಳೆ. ಅವತ್ತು ಆ ತುದಿಯಿಂದ ಕೂಗಿ ಹೇಳಿದ್ನಲ್ಲ, ಎಲ್ರ ಮುಂದೆ. ‘ನಿನ್ನ ಕೈಯಲ್ಲಿ ಜೀವಾನೇ ಇಲ್ಲ, ಸತ್ತವರು ಇದಕ್ಕಿಂತ ಚೆನ್ನಾಗಿ ಉರುಳಿಸ್ತಾರೆ’ ಅಂತ. ಆರ್ಥರ್ ಸತ್ತು ಆರು ವರ್ಷ ತುಂಬಿದ ತಿಂಗಳು ಅದು. ಬಾಯಿಂದ ಬಿದ್ದಮೇಲೆ ನೆನಪಾಯ್ತು. ಆಮೇಲೆ ನೀನು ಇನ್ನೊಂದು ಬೋಲು ಬಿಟ್ಟೆ, ಎದ್ದು ನಡೆದೆ.”

ಐಲ್ಸಾ ನೆನಪು ಮಾಡಿಕೊಳ್ಳಲು ನೋಡಿದಳು. ಅವತ್ತಿನದು ಎಂದರೆ ತೊಡೆಯ ಬಿಸಿ, ಬೆಂಚಿನ ಮೇಲಿನ ಹೆಂಗಸರು, ಬಾಗಿಲಿಗೆ ಎಷ್ಟು ದೂರ ಎನ್ನುವುದು. ನೋಲಾಳ ದನಿ ಅದರಲ್ಲಿ ಎಲ್ಲೂ ಇರಲಿಲ್ಲ.

“ನನಗೆ ಕೇಳಿಸ್ಲೇ ಇಲ್ಲ,” ಎಂದಳು.

“ಕೇಳಿಸ್ಲಿಲ್ಲ.” ನೋಲಾಳ ಮುಖ ಕೆಂಪಾಯಿತು. “ನಿಮ್ಮನೆ ಮುಂದೆ ಕಾರು ನಿಲ್ಸಿ ಇಳೀದೆ ವಾಪಸ್ ಬಂದಿದೀನಿ, ಗೊತ್ತಾ? ಒಂದು ಸಲ ಅಲ್ಲ. ಫೋನ್ ಮಾಡಿದ್ರೆ ಎತ್ತಲ್ಲ. ಬೆವನ್ ಹೇಳ್ದ, ಹೋಗಿ ಕ್ಷಮೆ ಕೇಳು ಅಂತ. ಏನಂತ ಕೇಳ್ಲಿ? ನಿನ್ನ ಗಂಡ ನಿನಗಿಂತ ಚೆನ್ನಾಗಿ ಉರುಳಿಸ್ತಾನೆ ಅಂದದ್ದು ತಪ್ಪಾಯ್ತು ಅಂತ್ಲಾ?”

ಆರ್ಥರ್ ಬದುಕಿದ್ದಾಗಲೂ ಅವನು ಬಿಟ್ಟ ಬೋಲು ಪಕ್ಕದ ಆಟಗಾರರ ಕಾಲಿಗೇ ಹೋಗುತ್ತಿತ್ತು. ಐಲ್ಸಾಳಿಗೆ ನಗು ಬಂತು. ತಡೆಯುವಷ್ಟರಲ್ಲಿ ಅದು ಹೊಟ್ಟೆಯಿಂದಲೇ ಬಂದಿತ್ತು. ಅವಳು ಕಾಲು ಬಿಗಿಹಿಡಿದು ಕಂಬಕ್ಕೆ ಒರಗಿದಳು.

“ಏನಾಯ್ತು?”

“ಈಗ್ಲೂ ಆಯ್ತು.”

“ಅಂದ್ರೆ ನಗಿಸ್ಲೂ ಬಾರ್ದಾ ನಿನ್ನ?”

“ಬಾರ್ದು.”

ನೋಲಾ ಮಾತ್ರ ನಗಲಿಲ್ಲ. ಒಳಗೆ ಹೋಗಿ ಒಂದು ಟವೆಲ್ ತಂದು ಕುರ್ಚಿಯ ಮೇಲೆ ಹಾಸಿದಳು. ಆಮೇಲೆ ಬೋಲಿನ ಚೀಲದಿಂದ, ಕಿಟ್ಟಿಗೂ ಬೋಲಿಗೂ ನಡುವಿನ ಸಣ್ಣ ದೂರ ಅಳೆಯುವ ಕ್ಯಾಲಿಪರ್ ತೆಗೆದಳು. ಒದ್ದೆ ಬಟ್ಟೆಯಲ್ಲಿ ಕೈಯ ಕ್ಯಾಲಮೈನ್ ಒರೆಸಿಕೊಂಡು ಮುಂಗೈಯನ್ನು ಮುಂದೆ ಚಾಚಿದಳು. ಇಬ್ಬರೂ ತಲೆ ತಗ್ಗಿಸಿ, ಪಂದ್ಯದ ಕೊನೆಯ ಅಳತೆಗೆ ಕೂತವರ ಹಾಗೆ, ಉಸಿರು ಹಿಡಿದು ಅಳೆದರು. ಹೆಚ್ಚಿನವು ಐದು, ಆರು. ಮಣಿಕಟ್ಟಿನ ಮೇಲಿನದು ಹತ್ತು.

“ಗೆದ್ದೆ,” ಎಂದಳು ನೋಲಾ. ಸಿಸ್ಟರಿಗೆ ತಾನೇ ಫೋನು ಮಾಡಿ, ತನ್ನ ಹೆಸರು, ಕೈಯ ಅಳತೆ, ಸಿಗಡಿ ತೊಳೆದ ಹೊತ್ತು ಎಲ್ಲ ಹೇಳಿದಳು. ಫೋನಿಟ್ಟು ಬಂದು ಜಗಲಿಯ ಬಾಗಿಲಲ್ಲೇ ನಿಂತಳು.

“ಮೆರ್ಲ್‌ಗೆ ಮಾತು ಕೊಟ್ಟಿದೀನಿ, ಐಲ್ಸಾ.”

“ಗೊತ್ತು.”

“ಹೋದ ಶುಕ್ರವಾರಕ್ಕೆ ಮುಂಚೆ ಬಂದು ಹೇಳಿದ್ದಿದ್ರೆ…”

“ಗೊತ್ತು ಅಂದೆನಲ್ಲ.”

“ನನಗೆ ಇನ್ನೂ ಸಿಟ್ಟಿದೆ,” ನೋಲಾ ಅಂದಳು. “ಇದು ಇವತ್ತು ಹೋಗೋದಲ್ಲ.”

ಮರುದಿನ ಡಾಕ್ಟರು ಎಡಗೈಯನ್ನು ನೋಡಿ, ಸಿಸ್ಟರ್ ಬರೆದುಕೊಂಡದ್ದನ್ನು ನೋಡಿ, ಹುಬ್ಬು ಗಂಟಿಕ್ಕಿ, ಬಲಗೈಗೆ ಚುಚ್ಚಿದರು. ಮತ್ತೆ ನಾಲ್ಕು ವಾರ. ಕ್ವೀನ್ಸ್‌ಲ್ಯಾಂಡಿನ ಆ ಬೆವರಿನಲ್ಲಿ ಐಲ್ಸಾ ಉಣ್ಣೆಯ ಉದ್ದ ತೋಳಿನ ಅಂಗಿ ಹಾಕಿಕೊಂಡು, ಸಂಜೆ ನಾಲ್ಕಕ್ಕೇ ಕಿಟಕಿಗಳನ್ನು ಮುಚ್ಚಿಕೊಂಡು ಕೂತಳು. ಭುಜಕ್ಕೆ ಶಾಖ ಕೊಡುತ್ತಿದ್ದಾಳೆ ಎಂದು ಕ್ಲಬ್ಬಿನವರು ಮಾತಾಡಿಕೊಂಡರು. ನೋಲಾ ಒಂದೆರಡು ಸಲ ಫೋನು ಮಾಡಿ, “ಚುಕ್ಕೆ?” ಎಂದಳು. “ಬಿಳೀ,” ಎಂದಳು ಐಲ್ಸಾ. ಅದಕ್ಕಿಂತ ಹೆಚ್ಚು ಮಾತಿಲ್ಲ. ಫೋನಿಟ್ಟ ಮೇಲೆ ಮನೆ ಮೊದಲಿಗಿಂತ ಸುಮ್ಮನಿದೆ ಅನ್ನಿಸುತ್ತಿತ್ತು. ಮೊದಲು ಕಾಯುವುದಕ್ಕೆ ಚುಕ್ಕೆ ಒಂದೇ ಇತ್ತು. ಈಗ ಫೋನೂ ಇತ್ತು.

ಏಪ್ರಿಲ್ ಹದಿನಾರಕ್ಕೆ ಬಲಗೈ ಪಾಸಾಯಿತು. ಮೂವತ್ತರಂದು ಒಳಗಿನ ಚಿಕಿತ್ಸೆ. ಆ ಭಾಗ ಮರಗಟ್ಟಿಸಿ ಮಾಡಿದ್ದು. ಅರ್ಧ ಗಂಟೆಯೂ ಹಿಡಿಯಲಿಲ್ಲ. ಗೋಡೆಯ ಮೇಲೆ ಯಾವುದೋ ಹಿಮದ ಬೆಟ್ಟದ ಚಿತ್ರವಿತ್ತು, ಅದನ್ನು ನೋಡುತ್ತ ಮಲಗಿದ್ದಳು.

“ಎಷ್ಟು ದಿನ ಇರತ್ತೆ ಡಾಕ್ಟ್ರೇ?”

“ಹೇಳೋಕಾಗಲ್ಲ. ಕೆಲವ್ರಿಗೆ ಆರು ತಿಂಗಳು, ಕೆಲವ್ರಿಗೆ ಎರಡು ವರ್ಷ. ಮೈ ಅದನ್ನ ನಿಧಾನವಾಗಿ ಕರಗಿಸ್ಕೊಳ್ಳತ್ತೆ. ಮತ್ತೆ ಹಾಕ್ಬೇಕಾಗ್ಬಹುದು.”

ಅವತ್ತು ಕಾರು ಓಡಿಸಬಾರದೆಂದು ಬಸ್ಸಿನಲ್ಲಿ ಬಂದಿದ್ದಳು. ಹಿಂತಿರುಗುವಾಗ ಕಬ್ಬಿನ ಗಾಡಿಗಳ ಹಳಿ ದಾಟುವಲ್ಲಿ ಬಸ್ಸು ಎತ್ತಿ ಹಾಕಿತು. ಐಲ್ಸಾ ಸೀಟಿನ ಅಂಚು ಹಿಡಿದಳು. ಏನೂ ಆಗಲಿಲ್ಲ. ಬೇಕೆಂದೇ ಕೆಮ್ಮಿದಳು. ಏನೂ ಇಲ್ಲ. ಇನ್ನೊಮ್ಮೆ, ಜೋರಾಗಿ. ಮುಂದಿನ ಸೀಟಿನ ಗಂಡಸು ತಿರುಗಿ ನೋಡಿ ಕಿಟಕಿ ತೆಗೆದ. ಅವನಿಗೆ ಹೇಳುವಂತಿರಲಿಲ್ಲ. ಬಸ್ಸಿನಲ್ಲಿ ಬೇರೆ ಯಾರಿಗೂ ಹೇಳುವಂತಿರಲಿಲ್ಲ. ನಲ್ಲಿ ನಿಂತಿದ್ದು ನಲ್ಲಿಗೆ ಮಾತ್ರ ಗೊತ್ತು.

ಮೇ ಒಂಬತ್ತರ ಗುರುವಾರ ಹೆಂಗಸರ ಜೋಡಿ ಪಂದ್ಯ. ಐಲ್ಸಾ ಅಡುಗೆಮನೆಯಲ್ಲಿದ್ದಳು. ಸ್ಕೋನು ಸುಟ್ಟಳು, ಕಪ್ಪು ಜೋಡಿಸಿದಳು, ಕಿಂಡಿಯಿಂದ ನೋಡಿದಳು. ಈ ತುದಿಯಲ್ಲಿ ಮೆರ್ಲ್ ಬಗ್ಗುತ್ತಿದ್ದಳು, ಬೋಲು ಬಿಡುತ್ತಿದ್ದಳು, ತುಟಿ ಅಲ್ಲಾಡಿಸುತ್ತಿದ್ದಳು. ಆ ತುದಿಯಲ್ಲಿ ನೋಲಾ ಇರಬೇಕು. ಆ ಕಡೆ ಕಾಣುವುದಿಲ್ಲ. ಒಮ್ಮೆ ಮಾತ್ರ ಅವಳ ದನಿ ಗಾಳಿಯಲ್ಲಿ ಬಂತು: “ಕ್ಷಮೆ ಆಮೇಲೆ ಕೇಳೇ ಮೆರ್ಲ್, ಮೊದ್ಲು ನೋಡು ಅದೆಲ್ಲಿ ಹೋಯ್ತು ಅಂತ.” ಐಲ್ಸಾ ಪಾತ್ರೆಯ ಹಬೆಗೆ ಮುಖ ತಿರುಗಿಸಿದಳು. ಜೋಡಿ ನಾಲ್ಕು ಗಂಟೆಗೆ ಒಂದೇ ಒಂದು ಅಂಕದಿಂದ ಸೋತಿತು. ಮೆರ್ಲ್ ಅತ್ತಳು. ಅವಳಿಗೆ ಹೆಚ್ಚು ಬೆಣ್ಣೆ ಹಚ್ಚಿದ ಸ್ಕೋನು ಕೊಟ್ಟದ್ದು ಐಲ್ಸಾಳೇ.

ಎಲ್ಲ ಹೋದಮೇಲೆ ಅವಳು ಕಪ್ಪು ಒರೆಸುತ್ತಿದ್ದಾಗ ಕಿಂಡಿಯಲ್ಲಿ ನೋಲಾಳ ಬಿಳಿ ಟೋಪಿ ಕಾಣಿಸಿತು.

“ಬೋಲು ಎಲ್ಲಿ?”

“ಕಾರಲ್ಲಿ.”

“ಎರಡು ವರ್ಷದಿಂದ್ಲೂನಾ?”

“ಇವತ್ತು ಬೆಳಿಗ್ಗೆಯಿಂದ.”

“ಲಂಗ?”

ಐಲ್ಸಾ ಎಪ್ರನ್ ಬಿಚ್ಚಿದಳು. ಬೆಳಿಗ್ಗೆಯಿಂದ ಅದರಡಿ ಉಟ್ಟುಕೊಂಡಿದ್ದದ್ದು ಬಿಳಿಯ ಲಂಗವೇ. ದಿನವಿಡೀ ಯಾರೂ ಗಮನಿಸಿರಲಿಲ್ಲ.

ನೀರಿನ ಕೊಳವೆ ಎಳೆದು ತರುತ್ತಿದ್ದ ಹುಲ್ಲು ನೋಡಿಕೊಳ್ಳುವವನು ಇಬ್ಬರನ್ನೂ ಕಂಡು ನಿಂತ. “ಅರ್ಧ ಗಂಟೆ ಕೊಡ್ತೀನಿ. ಆಮೇಲೆ ನೀವಿದ್ರೂ ನೀರು ಬಿಡ್ತೀನಿ. ಒದ್ದೆ ಆದ್ರೆ ನನ್ನ ಬೈಬೇಡಿ,” ಎಂದು ಹೋದ. ನೋಲಾ ಐಲ್ಸಾಳ ಮುಖ ನೋಡಿದಳು. ಐಲ್ಸಾ ನಕ್ಕಳು, ನಕ್ಕು ಒಂದು ಕ್ಷಣ ತಡೆದು ನಿಂತಳು, ಆಮೇಲೆ ಪೂರ್ತಿ ನಕ್ಕಳು.

ಮರಳುನೊಣದ ಹೊತ್ತು. ನೋಲಾ ಬಾಟಲಿ ತೆಗೆದು ಏನೂ ಹೇಳದೆ ಬೆಂಚಿನ ಮೇಲಿಟ್ಟಳು. ಐಲ್ಸಾ ಎರಡೂ ಕೈಗೆ ಮೊಣಕೈ ದಾಟಿ ಹಚ್ಚಿಕೊಂಡಳು. ನೋಲಾ ಆ ತುದಿಗೆ ನಡೆದು ಹೋದಳು. ಐಲ್ಸಾಳ ಬೆನ್ನ ಹಿಂದೆ ಬೆಂಚು ಖಾಲಿ ಇತ್ತು. ಕಿಟ್ಟಿ ಉರುಳಿಸಿದಳು. ಬೋಲು ಎತ್ತಿ ಒಂದು ಹೆಜ್ಜೆ ಮುಂದಿಟ್ಟು ಬಗ್ಗಿದಳು. ಬಗ್ಗುವಾಗ ಮೈ ತಾನಾಗಿಯೇ ಹೆದರಿತು. ಎರಡು ವರ್ಷದ ಹೆದರಿಕೆ ಹಸುವಿನ ತೊಗಲಿಗೆ ಗೊತ್ತಿಲ್ಲ. ಮೊದಲ ಬೋಲು ಅರ್ಧ ದಾರಿಯಲ್ಲೇ ನಿಂತಿತು. ಎರಡನೆಯದು ಹುಲ್ಲಿನಂಚಿನ ಚರಂಡಿಗೆ ಹೋಯಿತು. ಮೂರನೆಯದು ಬಾಗಿ ಬಂದು, ವಾಲಿ, ನಿಧಾನಿಸಿ, ಕಿಟ್ಟಿಯ ಪಕ್ಕಕ್ಕೆ ಕೂತಿತು.

“ಪರವಾಗಿಲ್ಲ,” ನೋಲಾ ಅಲ್ಲಿಂದ ಕೂಗಿದಳು. “ಸತ್ತವರಿಗಿಂತ ಸ್ವಲ್ಪ ಮೇಲು.”

ಈ ಸಲ ಐಲ್ಸಾಳಿಗೆ ಕೇಳಿಸಿತು.

ಬೆಳಕು ಹೋಗುವವರೆಗೆ ಆಡಿದರು. ಚೀಲ ಕಟ್ಟುವಾಗ ಐಲ್ಸಾ ಕೇಳಿದಳು, “ಬರೋ ಗುರುವಾರ?”

“ಮೆರ್ಲ್ ಅಭ್ಯಾಸಕ್ಕೆ ಕರೆದಿದಾಳೆ. ಮುಂದಿನ ವರ್ಷ ಗೆಲ್ತಾಳಂತೆ.” ನೋಲಾ ಕಾರಿನ ಬಾಗಿಲು ತೆಗೆದಳು. “ಬೆವನ್ ಊಟಕ್ಕೆ ಕಾಯ್ತಿರ್ತಾನೆ. ನೋಡೋಣ ಕಣೇ. ಫೋನ್ ಎತ್ತು, ಅಷ್ಟೇ.”

ಅವಳ ಕಾರಿನ ದೀಪ ತಿರುವಿನಲ್ಲಿ ಮರೆಯಾದ ಮೇಲೂ ಐಲ್ಸಾ ಸ್ವಲ್ಪ ಹೊತ್ತು ನಿಂತಿದ್ದಳು. ಹಿಂದೆ ಹುಲ್ಲಿನ ಮೇಲೆ ನೀರು ಚಿಮ್ಮುವ ಸದ್ದು ಶುರುವಾಯಿತು.

ಮನೆಗೆ ಬಂದು ಅಡುಗೆಮನೆಯ ದೀಪ ಹಾಕಿದಳು. ಮೇಜಿನ ಮೇಲೆ ಕಾಗದ ತೂಗುವ ಹಿತ್ತಾಳೆಯ ತಕ್ಕಡಿಯಿತ್ತು. ಅಂಚೆಮನೆಗೆ ಹೊಸದು ಬಂದಾಗ ಹಳೆಯದನ್ನು ಅವಳಿಗೆ ಬಿಟ್ಟುಕೊಟ್ಟಿದ್ದರು. ಬೆಳಿಗ್ಗೆ ಹೊರಡುವ ಮೊದಲು ಪ್ಯಾಡನ್ನು ಅದರಲ್ಲಿ ತೂಗಿ ತೊಟ್ಟುಕೊಂಡಿದ್ದಳು. ಈಗ ಅದನ್ನೇ ಒಂದು ಪ್ಲಾಸ್ಟಿಕ್ ಹಾಳೆಯ ಮೇಲಿಟ್ಟು, ಹಾಳೆಯ ತೂಕ ಕಳೆದು, ಚಿಕ್ಕ ಬಟ್ಟುಗಳನ್ನು ಒಂದೊಂದಾಗಿ ಹಾಕಿ, ಮುಳ್ಳು ನಿಲ್ಲುವವರೆಗೆ ಕಾದಳು. ಬೆಳಿಗ್ಗೆಗಿಂತ ಹೆಚ್ಚಾದದ್ದು ಎರಡು ಗ್ರಾಂ.